ಬಹುಕರ್ತೃಕ ಚಿತ್ರಕಥೆಯೂ ಏಕಸಾಕ್ಷಿಯೂ: ಹಾಶಿಮೊತೊ ಶಿನೊಬು ಅವರ ಕೃತಿಜೀವನ

ಕೃತಿಯೊಂದರ ಕರ್ತೃವಾರೆಂಬ ಪ್ರಶ್ನೆಯು ಕನ್ನಡ ವಿದ್ವಾಂಸರಿಗೆ ಹೊಸದಲ್ಲ. ಕವಿರಾಜಮಾರ್ಗವು ನೃಪತುಂಗನದೋ ಶ್ರೀವಿಜಯನದೋ ಎಂಬ ವಿಚಾರದಲ್ಲಿ ಎಷ್ಟೋ ಲೇಖನಿಗಳು ಸವೆದಿವೆ. ಅಲ್ಲಿ ಕಾಲವು ದೂರ, ಆಧಾರಗಳು ವಿರಳ. ಆದುದರಿಂದ ಸಂದೇಹವು ಸಹಜವಾದುದು. ಆದರೆ ಕರ್ತೃಗಳೆಲ್ಲರೂ ಒಂದೇ ಕೊಠಡಿಯಲ್ಲಿ ಒಂದೇ ಮೇಜಿನ ಸುತ್ತ ಕುಳಿತು ಬರೆದ, ಕಳೆದ ಶತಮಾನದ ಉತ್ತರಾರ್ಧದ ಕೃತಿಗಳಲ್ಲಿಯೂ ಇದೇ ಸಂದೇಹವು ತಲೆದೋರಬಹುದೆಂಬುದಕ್ಕೆ ಜಪಾನಿನ ಹಾಶಿಮೊತೊ ಶಿನೊಬು ಅವರ ಕೃತಿಜೀವನವು ನಿದರ್ಶನವಾಗಿದೆ. ಚಲಚ್ಚಿತ್ರಕ್ಕೂ ದೂರದರ್ಶನಕ್ಕೂ ಚಿತ್ರಕಥೆಗಳನ್ನು ರಚಿಸಿ ಪ್ರಸಿದ್ಧರಾದ ಇವರು ನೂರು ವರ್ಷ ಬಾಳಿದರು. ಜೊತೆಗೆ ಕುಳಿತು ಬರೆದವರೆಲ್ಲರೂ ತೀರಿಕೊಂಡ ಮೇಲೆ, ತಮ್ಮ ಎಂಬತ್ತೆಂಟನೆಯ ವಯಸ್ಸಿನಲ್ಲಿ, ಆ ಕೊಠಡಿಯಲ್ಲಿ ನಡೆದುದನ್ನು ಗ್ರಂಥವಾಗಿ ಬರೆದರು. ಹೀಗೆ ಕೃತಿಗಳು ಅನೇಕರವು, ಸಾಕ್ಷಿಯು ಮಾತ್ರ ಬಹುಮಟ್ಟಿಗೆ ಒಬ್ಬನೇ ಎಂಬಂತಾಯಿತು. ಈ ಸಾಕ್ಷ್ಯವನ್ನು ಎಷ್ಟರಮಟ್ಟಿಗೆ ನಂಬಬಹುದೆಂಬುದೇ ಪ್ರಕೃತ ವಿಚಾರ. (ಜಪಾನೀಯರು ವಂಶನಾಮವನ್ನು ಮೊದಲು ಹೇಳುವರು; ಇಲ್ಲಿಯೂ ಅದೇ ಕ್ರಮವನ್ನು ಅನುಸರಿಸಿದೆ.)

ಹಾಶಿಮೊತೊ ಅವರು ೧೯೧೮ನೆಯ ಏಪ್ರಿಲ್ ೧೮ರಂದು ಹ್ಯೋಗೊ ಪ್ರಾಂತದ ಹಳ್ಳಿಯೊಂದರಲ್ಲಿ ಹುಟ್ಟಿದರು. ೧೯೩೮ರಲ್ಲಿ ಸೈನ್ಯಕ್ಕೆ ಸೇರಿ, ರಣರಂಗವನ್ನು ಕಾಣುವುದಕ್ಕೆ ಮುನ್ನವೇ ಕ್ಷಯರೋಗಕ್ಕೆ ಗುರಿಯಾಗಿ, ನಾಲ್ಕು ವರ್ಷಗಳ ಕಾಲ ಸೈನಿಕರ ಆರೋಗ್ಯಧಾಮದಲ್ಲಿ ಮಲಗಿದ್ದರು. ಜೊತೆಯ ರೋಗಿಯೊಬ್ಬನು ಹೊತ್ತು ಕಳೆಯಲೆಂದು ಕೊಟ್ಟ ಚಲಚ್ಚಿತ್ರ ಪತ್ರಿಕೆಯಲ್ಲಿ ಅಚ್ಚಾಗಿದ್ದ ಚಿತ್ರಕಥೆಯನ್ನೋದಿದಾಗ, ಇಷ್ಟನ್ನು ತಾನೂ ಬರೆಯಬಲ್ಲೆನೆಂದು ಅವರಿಗೆ ತೋರಿತಂತೆ. ಈ ಕಲೆಯಲ್ಲಿ ದೇಶಕ್ಕೆಲ್ಲ ಅಗ್ರಗಣ್ಯರಾರೆಂದು ವಿಚಾರಿಸಲು, ಇತಾಮಿ ಮನ್ಸಾಕು ಎಂಬ ಹೆಸರು ಉತ್ತರವಾಗಿ ಬಂದಿತು. ಆರೋಗ್ಯಧಾಮದ ಜೀವನವನ್ನೇ ವಸ್ತುವನ್ನಾಗಿ ಮಾಡಿಕೊಂಡು 'ಯಾಮಾ ನೊ ಹೇತಾಯಿ', ಎಂದರೆ 'ಬೆಟ್ಟದ ಸೈನಿಕರು', ಎಂಬುದನ್ನು ಬರೆದು ಅವರಿಗೆ ಕಳುಹಿಸಿದರು. ಇತಾಮಿಯವರು ತಾವೂ ಕ್ಷಯಪೀಡಿತರಾಗಿದ್ದವರು. ಅಪರಿಚಿತನ ಬರಹದ ದೋಷಗಳನ್ನು ಒಂದೊಂದಾಗಿ ತೋರಿಸಿ ಮರುಪತ್ರ ಬರೆದರು. ಅಂದಿನಿಂದ ಗುರುಶಿಷ್ಯ ಸಂಬಂಧವು ಬೆಳೆಯಿತು. ಶಿಷ್ಯರು ಹಗಲು ಕಂಪೆನಿಯೊಂದರಲ್ಲಿ ಲೆಕ್ಕಪತ್ರದ ಕೆಲಸ ಮಾಡುತ್ತ, ರೈಲಿನಲ್ಲಿ ಹೋಗಿಬರುವಾಗ ಬರೆಯುತ್ತಿದ್ದರು. ಇತಾಮಿಯವರು ೧೯೪೬ರ ಸೆಪ್ಟೆಂಬರಿನಲ್ಲಿ ತೀರಿಕೊಂಡರು. ಅವರು ಶಿಷ್ಯನೆಂದು ಸ್ವೀಕರಿಸಿದುದು ಈತನೊಬ್ಬನನ್ನೇ ಎಂದು ಪ್ರತೀತಿ.

ಗುರುವಿನೊಡನೆ ನಡೆದ ಒಂದು ಸಂಭಾಷಣೆಯನ್ನು ಹಾಶಿಮೊತೊ ಅವರು ಮುಂದೆ ಮತ್ತೆ ಮತ್ತೆ ಸ್ಮರಿಸಿದ್ದಾರೆ. ಮೂಲಕಥೆಯನ್ನು ಚಿತ್ರಕಥೆಯನ್ನಾಗಿ ಮಾಡುವ ಬಗೆಯೆಂತು ಎಂದು ಗುರು ಕೇಳಿದಾಗ, ಶಿಷ್ಯನು ಕೊಟ್ಟಿಗೆಯಲ್ಲಿರುವ ಹಸುವಿನ ಉಪಮಾನವನ್ನು ಹೇಳಿದನಂತೆ. ದಿನದಿನವೂ ಹೋಗಿ ಅದನ್ನು ಎಲ್ಲ ಕಡೆಯಿಂದಲೂ ನೋಡುವುದು, ಮರ್ಮಸ್ಥಾನವು ತಿಳಿದೊಡನೆ ಒಂದೇ ಪೆಟ್ಟಿನಿಂದ ಕೆಡಹುವುದು, ರಕ್ತವನ್ನು ಮಾತ್ರ ಹಿಡಿದುಕೊಳ್ಳುವುದು. ಹಸುವಿನ ಆಕಾರದಿಂದ ಪ್ರಯೋಜನವಿಲ್ಲ. ಈ ಉಪಮಾನವು ಕನ್ನಡ ವಾಚಕರ ಕಿವಿಗೆ ಕಠೋರವಾಗಿಯೇ ಕೇಳಿಸುವುದು. ಆದರೆ ಹೇಳಿದ ತತ್ತ್ವವು ಅಪೂರ್ವವೇನಲ್ಲ. ಇತಿವೃತ್ತವನ್ನು ಇದ್ದಂತೆಯೇ ನಿರ್ವಹಿಸಿದ ಮಾತ್ರಕ್ಕೆ ಕವಿಗೆ ಫಲವಿಲ್ಲ, ರಸಕ್ಕೆ ಪ್ರತಿಕೂಲವಾದುದನ್ನು ಬಿಟ್ಟು ಉಚಿತವಾದುದನ್ನು ಕಲ್ಪಿಸಬೇಕೆಂದು ಆನಂದವರ್ಧನನು ಹೇಳಿದುದೂ ಇದರ ಸೌಮ್ಯರೂಪವೇ. ಗುರುವಿನ ಉತ್ತರವು ಇನ್ನೂ ಗಮನಾರ್ಹವಾಗಿದೆ: ಅದು ಸರಿ, ಆದರೆ ಜೊತೆಯಲ್ಲಿ ಪ್ರಾಣಬಿಡಬೇಕಾದಂತಹ ಮೂಲಗಳೂ ಉಂಟು ಎಂದರಂತೆ. ಈ ಎರಡು ಮಾತುಗಳ ನಡುವೆ ಹಾಶಿಮೊತೊ ಅವರ ಜೀವಮಾನದ ಕೆಲಸವು ತೂಗಾಡಿತೆನ್ನಬಹುದು.

ಅವರು ಆರಿಸಿಕೊಂಡ ಮೊದಲ ಮುಖ್ಯ ಮೂಲವು ಅಕುತಗಾವಾ ರ್ಯೂನೊಸುಕೆ ಅವರು ೧೯೨೨ರಲ್ಲಿ ಪ್ರಕಟಿಸಿದ 'ಯಾಬು ನೊ ನಾಕಾ', ಎಂದರೆ 'ಪೊದೆಯೊಳಗೆ', ಎಂಬ ಸಣ್ಣಕಥೆ. ಅದಕ್ಕೂ ಮೂಲವು ಬೇರೊಂದುಂಟು. ಹನ್ನೆರಡನೆಯ ಶತಮಾನದ ಸುಮಾರಿಗೆ ಸಂಕಲಿತವಾದ 'ಕೊಂಜಾಕು ಮೊನೊಗಾತಾರಿಶೂ' ಎಂಬ ಮಹಾಕಥಾಕೋಶವು ಮೂವತ್ತೊಂದು ಸಂಪುಟಗಳಾಗಿ ಭಾರತ, ಚೀನ, ಜಪಾನು ಎಂಬ ಮೂರು ಖಂಡಗಳಲ್ಲಿ ಹಂಚಿಹೋಗಿದೆ. ಮೊದಲ ಐದು ಸಂಪುಟಗಳು ಭಾರತದವು. ಋಷ್ಯಶೃಂಗನ ವೃತ್ತಾಂತವೂ ಅಲ್ಲಿ ಒಂದು ಕೊಂಬಿನ ಋಷಿಯ ಕಥೆಯಾಗಿ ಸೇರಿಕೊಂಡಿದೆ. ಇಪ್ಪತ್ತೊಂಬತ್ತನೆಯ ಸಂಪುಟದ ಇಪ್ಪತ್ತಮೂರನೆಯ ಕಥೆಯಲ್ಲಿ ಹೆಂಡತಿಯೊಡನೆ ಪಯಣಿಸುವ ಒಬ್ಬನನ್ನು ಕಳ್ಳನು ಮರಕ್ಕೆ ಕಟ್ಟಿ, ಅವಳ ಮಾನವನ್ನು ಕೆಡಿಸಿ, ಕುದುರೆಯನ್ನೇರಿ ಹೋಗುವನು. ಹೆಂಡತಿಯು ಗಂಡನ ಕೈಲಾಗದತನವನ್ನು ಹಳಿಯುವಳು. ಅಲ್ಲಿ ಯಾರೂ ಸಾಯುವುದಿಲ್ಲ. ಅಕುತಗಾವಾ ಅವರು ಗಂಡನನ್ನು ಸಾಯಿಸಿ, ಏಳು ಮಂದಿಯ ಹೇಳಿಕೆಗಳಾಗಿ ಕಥೆಯನ್ನು ಒಡೆದರು. ಕಳ್ಳನು ತಾನೇ ಕೊಂದೆನೆನ್ನುವನು, ಹೆಂಡತಿಯು ತಾನೆನ್ನುವಳು, ಸತ್ತವನು ಮೈಮೇಲೆ ಬರಿಸಿಕೊಳ್ಳುವವಳ ಬಾಯಿಂದ, ತಾನೇ ಇರಿದುಕೊಂಡೆನೆನ್ನುವನು. ಲೋಕದಲ್ಲಿ ಸುಳ್ಳುಸಾಕ್ಷಿಯು ಅಪರಾಧದಿಂದ ತಪ್ಪಿಸಿಕೊಳ್ಳುವುದಕ್ಕೆ ಹುಟ್ಟುವುದು. ಇಲ್ಲಿ ಮೂವರೂ ಅಪರಾಧವನ್ನು ತಮ್ಮ ತಲೆಗೇ ಕಟ್ಟಿಕೊಳ್ಳುವರು. ವ್ಯಾಸಭಾರತದ ಶಕುಂತಲೆಗೆ ಕಾಳಿದಾಸನು ದೂರ್ವಾಸಶಾಪವನ್ನು ಕೂಡಿಸಿದಂತೆ, ಇದು ಮೂಲದ ಸ್ವರೂಪವನ್ನೇ ಮಾರ್ಪಡಿಸಿದ ಕಲ್ಪನೆ.

ಹಾಶಿಮೊತೊ ಅವರು ಈ ಕಥೆಯನ್ನು 'ಶಿಯೂ', ಎಂದರೆ 'ಹೆಣ್ಣು ಗಂಡು', ಎಂಬ ಹೆಸರಿನ ಚಿತ್ರಕಥೆಯನ್ನಾಗಿ ಮಾಡಿದರು. ಇತಾಮಿಯವರ ಬಳಿ ಸಹಾಯಕರಾಗಿದ್ದ ನಿರ್ದೇಶಕರೊಬ್ಬರ ಮೂಲಕ ಅದು ಕುರೊಸಾವಾ ಅಕಿರಾ ಅವರ ಕೈಸೇರಿತು. ಕೃತಿಯು ಒಪ್ಪಿಗೆಯಾಯಿತು, ಆದರೆ ಪೂರ್ಣಪ್ರಮಾಣದ ಚಿತ್ರಕ್ಕೆ ಚಿಕ್ಕದಾಯಿತು. ಆಗ ಅಕುತಗಾವಾ ಅವರದೇ ಆದ 'ರಾಶೋಮೊನ್' ಎಂಬ ೧೯೧೫ರ ಕಥೆಯನ್ನು ಇದರೊಡನೆ ಹೆಣೆಯುವ ಯೋಚನೆ ಹುಟ್ಟಿತು. ಅದು ಯಾರ ಯೋಚನೆ? ಇಲ್ಲಿಯೇ ಮೊದಲನೆಯ ತೊಡಕು. ರಾಶೋಮೊನ್ ಚಿತ್ರದ ಕಾಲದವರೆಗೆ ಬಂದು ನಿಲ್ಲುವ ತಮ್ಮ ಆತ್ಮಕಥೆಯಲ್ಲಿ ಕುರೊಸಾವಾ ಅವರು, ಮರೆತಿದ್ದ ಆ ಚಿತ್ರಕಥೆಯು ತಟ್ಟನೆ ನೆನಪಿಗೆ ಬಂದು, ಇನ್ನೊಂದು ಕಥೆಯನ್ನು ಕೂಡಿಸಿದರೆ ಸರಿಹೋಗುವುದೆಂದು ತಮಗೇ ಹೊಳೆದು, 'ರಾಶೋಮೊನ್' ನೆನಪಾಯಿತೆಂದು ಬರೆದಿದ್ದಾರೆ. ಹಾಶಿಮೊತೊ ಅವರ ಗ್ರಂಥದಲ್ಲಾದರೋ, ಕೃತಿಯು ಚಿಕ್ಕದಾಯಿತೆಂದು ಕುರೊಸಾವಾ ಹೇಳಿದೊಡನೆ 'ರಾಶೋಮೊನ್' ಕೂಡಿಸಿದರೆ ಹೇಗೆಂಬ ಮಾತು ಅವರ ಬಾಯಿಂದಲೇ ಆಲೋಚನೆಯಿಲ್ಲದೆ ಹೊರಬಿದ್ದಿತು. ಇಬ್ಬರೂ ಪ್ರತ್ಯಕ್ಷಸಾಕ್ಷಿಗಳು, ಇಬ್ಬರಿಗೂ ಸುಳ್ಳಾಡುವ ಅವಶ್ಯಕತೆ ಕಾಣದು. ಮೂರನೆಯವನಿದ್ದನೆಂದು ಯಾರೂ ಹೇಳಿಲ್ಲ. ಸಾಕ್ಷ್ಯಗಳು ಒಂದನ್ನೊಂದು ಕೂಡದೆಂಬುದನ್ನೇ ವಸ್ತುವಾಗಿ ಉಳ್ಳ ಕೃತಿಯ ಉತ್ಪತ್ತಿಯೇ ಹೀಗೆ ಎರಡು ಬಗೆಯಾಗಿ ಉಳಿದಿದೆ.

ಆದರೆ ಕೆಲವಂಶಗಳಲ್ಲಿ ಸಂದೇಹವಿಲ್ಲ. ಎರಡು ಕಥೆಗಳನ್ನು ಹೆಣೆದ ತಮ್ಮ ಮೊದಲ ಪ್ರಯತ್ನವು ಫಲಿಸಲಿಲ್ಲವೆಂದು ಹಾಶಿಮೊತೊ ಅವರೇ ಒಪ್ಪಿಕೊಂಡಿದ್ದಾರೆ. ಕೊನೆಯ ರೂಪವು ಕುರೊಸಾವಾ ಅವರ ಕೈಯದು. ಕಟ್ಟಿಗೆ ಕಡಿಯುವವನು ಎರಡನೆಯ ಸಲ ಹೇಳುವ ನಾಲ್ಕನೆಯ ವೃತ್ತಾಂತವೂ, ಕೊನೆಯಲ್ಲಿ ಅವನು ಎತ್ತಿಕೊಂಡು ಹೋಗುವ ಅನಾಥ ಶಿಶುವೂ ಅಕುತಗಾವಾ ಅವರ ಎರಡು ಕಥೆಗಳಲ್ಲಿಯೂ ಇಲ್ಲ. ೧೯೫೦ರಲ್ಲಿ ತೆರೆಕಂಡ ಚಿತ್ರವು ೧೯೫೧ರಲ್ಲಿ ವೆನಿಸ್ ನಗರದ ಉತ್ಸವದಲ್ಲಿ ಸುವರ್ಣಸಿಂಹ ಪುರಸ್ಕಾರವನ್ನು ಪಡೆಯಿತು. ಕೀರ್ತಿಯಲ್ಲಿ ಹೆಚ್ಚಿನ ಪಾಲು ನಿರ್ದೇಶಕನಿಗೆ ಸಂದಿತು. ಚಲಚ್ಚಿತ್ರ ಪ್ರಪಂಚದಲ್ಲಿ ಅದು ವಾಡಿಕೆ.

೧೯೫೨ರ 'ಇಕಿರು' (ಬದುಕುವುದು) ಮತ್ತು ೧೯೫೪ರ 'ಶಿಚಿನಿನ್ ನೊ ಸಮುರಾಯ್' (ಏಳು ಮಂದಿ ಸಮುರಾಯಿಗಳು) ಎಂಬೀ ಎರಡರಲ್ಲಿ ಒಗುನಿ ಹಿದೆಯೊ ಎಂಬ ಹಿರಿಯ ಲೇಖಕರು ಮೂರನೆಯವರಾಗಿ ಸೇರಿದರು. ಈ ಕೂಟದ ಕಾರ್ಯವಿಧಾನವನ್ನು ಹಾಶಿಮೊತೊ ಅವರು ೨೦೦೬ರಲ್ಲಿ ಹೊರಬಂದ 'ಫುಕುಗಾನ್ ನೊ ಏಜೊ' ಎಂಬ ಗ್ರಂಥದಲ್ಲಿ ವಿಸ್ತರಿಸಿದ್ದಾರೆ. ಕೀಟಗಳಿಗಿರುವಂತೆ ಅನೇಕ ಕಣ್ಣುಗಳು ಕೂಡಿದ ನೇತ್ರದ ನೋಟವೆಂಬುದು ಆ ಹೆಸರಿನ ಭಾವ. ಅದರ ಪ್ರಕಾರ, ಮೊದಲು ಕೃತಿಯ ಬೀಜವನ್ನು ಒಂದೇ ವಾಕ್ಯದಲ್ಲಿ ಕಾಗದದ ಮೇಲೆ ಬರೆಯುವರು. ಇಕಿರುವಿನ ವಿಷಯದಲ್ಲಿ ಅದು, ಇನ್ನು ಎಪ್ಪತ್ತೈದು ದಿನ ಮಾತ್ರ ಬದುಕಿರುವ ಮನುಷ್ಯ ಎಂಬಿಷ್ಟೇ. ಒಬ್ಬನು ಕರಡು ಪ್ರತಿಯನ್ನು ಸಿದ್ಧಪಡಿಸುವನು. ಬಳಿಕ ಎಲ್ಲರೂ ವಿಶ್ರಾಂತಿಗೃಹವೊಂದನ್ನು ಸೇರಿ, ಒಂದೇ ಸನ್ನಿವೇಶವನ್ನು ಕುರೊಸಾವಾ ಮತ್ತು ಹಾಶಿಮೊತೊ ಬೇರೆಬೇರೆಯಾಗಿ ಬರೆಯುವರು. ಒಗುನಿಯವರು ತಾವು ಒಂದಕ್ಷರವನ್ನೂ ಬರೆಯದೆ ಎರಡನ್ನೂ ಓದಿ ಇದು ಸರಿ, ಇದು ಅಲ್ಲ ಎಂದು ನಿರ್ಣಯಿಸುವರು. ನಾಯಕನನ್ನು ಚಿತ್ರದ ನಡುವಿನಲ್ಲಿಯೇ ಸಾಯಿಸಿ ಉಳಿದುದನ್ನು ಶವಜಾಗರಣೆಯಲ್ಲಿ ಕುಳಿತ ಸಹೋದ್ಯೋಗಿಗಳ ಬಾಯಿಂದ ಹೇಳಿಸಿದ ಏರ್ಪಾಡು, ಹೀಗೆ ಬರೆಯದೆ ಕುಳಿತಿದ್ದ ಒಗುನಿಯವರದೆಂದು ಗ್ರಂಥವು ಹೇಳುತ್ತದೆ. ಏನನ್ನೂ ಬರೆಯದವನೂ ಕರ್ತೃವೆನಿಸಬಹುದೆಂಬುದಕ್ಕೆ ಇದಕ್ಕಿಂತ ಉತ್ತಮ ದೃಷ್ಟಾಂತವು ದೊರೆಯಲಾರದು.

ಏಳು ಮಂದಿ ಸಮುರಾಯಿಗಳ ಹುಟ್ಟಿಗೆ ಸಂಬಂಧಿಸಿದ ಒಂದು ಸಂಗತಿಯು ಸಂಶೋಧಕರಿಗೆ ವಿಶೇಷವಾಗಿ ರುಚಿಸುವಂತಹುದು. ಮೊದಲು ಯೋಚಿಸಿದುದು ಒಬ್ಬ ಸಮುರಾಯಿಯ ಜೀವನದ ಒಂದೇ ದಿನದ ಕಥೆ: ಬೆಳಗ್ಗೆ ಎದ್ದು ಕೋಟೆಗೆ ಹೋಗುವನು, ಕರ್ತವ್ಯದಲ್ಲಿ ತಪ್ಪುವನು, ಸಂಜೆಗೆ ಹೊಟ್ಟೆ ಸೀಳಿಕೊಂಡು ಸಾಯುವನು. ಹಾಶಿಮೊತೊ ಅವರು ಗ್ರಂಥಾಲಯದಲ್ಲಿ ಕುಳಿತು ಹುಡುಕಿದರು. ಆ ಕಾಲದಲ್ಲಿ ಸಮುರಾಯಿಯು ಮಧ್ಯಾಹ್ನದ ಊಟವನ್ನು ಮನೆಯಿಂದ ಒಯ್ಯುತ್ತಿದ್ದನೋ, ಕೋಟೆಯಲ್ಲಿ ಬಡಿಸುತ್ತಿದ್ದರೋ, ದಿನಕ್ಕೆ ಎರಡೇ ಊಟವೋ ಎಂಬುದು ಯಾವ ಗ್ರಂಥದಿಂದಲೂ ನಿಶ್ಚಯವಾಗಲಿಲ್ಲ. ಯುದ್ಧಗಳ ತಾರೀಖುಗಳೆಲ್ಲ ಸಿಕ್ಕುವುವು, ಬುತ್ತಿಯ ಸಂಗತಿ ಸಿಕ್ಕದು! ಆ ಒಂದು ಸಂದೇಹಕ್ಕಾಗಿ ಇಡೀ ಕೃತಿಯನ್ನೇ ಕೈಬಿಟ್ಟರು. ಪ್ರಸಿದ್ಧ ಖಡ್ಗವೀರರ ಚರಿತ್ರೆಗಳನ್ನು ಪೋಣಿಸುವ ಎರಡನೆಯ ಯೋಚನೆಯೂ ಮುರಿದುಬಿದ್ದ ಮೇಲೆ, ಕೊಳ್ಳೆಗಾರರ ಕಾಟಕ್ಕೆ ಸಿಕ್ಕಿದ ರೈತರು ಅನ್ನಕ್ಕಾಗಿ ದುಡಿಯುವ ಸಮುರಾಯಿಗಳನ್ನು ಕರೆತರುವ ಕಥೆಯು ರೂಪುಗೊಂಡಿತು. ಇದರ ಛಾಯೆಯು ೧೯೭೫ರ 'ಶೋಲೆ' ಎಂಬ ಹಿಂದೀ ಚಿತ್ರದ ಮೇಲೆ ಬಿದ್ದಿರುವುದನ್ನು ಅನೇಕರು ಗುರುತಿಸಿದ್ದಾರೆ. ಆ ಚಿತ್ರದ ಹಳ್ಳಿಯನ್ನು ಕಟ್ಟಿದುದು ಬೆಂಗಳೂರಿನ ಬಳಿಯ ರಾಮನಗರದ ಬಂಡೆಗಳ ನಡುವೆ.

೨೦೦೬ರ ಗ್ರಂಥದಲ್ಲಿ ಬರಿಯ ವೃತ್ತಾಂತವಲ್ಲದೆ ಒಂದು ವಾದವೂ ಅಡಗಿದೆ. ೧೯೫೫ರಿಂದೀಚೆಗೆ ಈ ಕೂಟವು ಒಬ್ಬನ ಕರಡು ಪ್ರತಿಯನ್ನು ಬಿಟ್ಟು, ಎಲ್ಲರೂ ಕೂಡಿ ನೇರವಾಗಿ ಅಂತಿಮ ಪ್ರತಿಯನ್ನೇ ಬರೆಯತೊಡಗಿತು. ಅದರಿಂದ ಕೃತಿಗಳ ಸತ್ತ್ವವು ಕುಂದಿತು ಎಂಬುದು ಆ ವಾದ. ಇದನ್ನು ತೂಗಿನೋಡಬೇಕಾಗಿದೆ. ಆ ಕರಡನ್ನು ಬರೆಯುತ್ತಿದ್ದವರು ಮುಖ್ಯವಾಗಿ ಹಾಶಿಮೊತೊ ಅವರೇ. ಆದುದರಿಂದ ಕರಡೇ ಕೃತಿಯ ಪ್ರಾಣವೆಂಬ ಹೇಳಿಕೆಯಲ್ಲಿ ಸಾಕ್ಷಿಯ ಸ್ವಂತ ಹಿತವು ಬೆರೆತಿದೆ. ೧೯೫೭ರಲ್ಲಿ ಷೇಕ್ಸ್‌ಪಿಯರನ ಮ್ಯಾಕ್ಬೆತ್ ನಾಟಕವನ್ನು ಆಧರಿಸಿ ಈ ಕೂಟವು ರಚಿಸಿದ 'ಕುಮೊನೊಸು ಜೋ' (ಜೇಡರಬಲೆಯ ಕೋಟೆ) ಇಂದಿಗೂ ಶ್ರೇಷ್ಠಕೃತಿಗಳ ಸಾಲಿನಲ್ಲಿದೆ. ಒಗುನಿಯವರು ೧೯೯೬ರಲ್ಲಿಯೂ ಕುರೊಸಾವಾ ಅವರು ೧೯೯೮ರಲ್ಲಿಯೂ ಗತಿಸಿದ್ದುದರಿಂದ ಪ್ರತಿವಾದವನ್ನು ಕೇಳುವ ಅವಕಾಶವಿಲ್ಲ. ಆದರೂ ತನ್ನ ಕರಡಿನ ದೋಷಗಳನ್ನೂ ಒಗುನಿಯವರ ಹಿರಿಮೆಯನ್ನೂ ಅದೇ ಲೇಖನಿಯು ಮುಚ್ಚುಮರೆಯಿಲ್ಲದೆ ಹೇಳಿದೆ. ಸ್ವಪಕ್ಷಕ್ಕೆ ಹಾನಿಯಾಗುವ ಮಾತನ್ನು ಆಡುವ ಸಾಕ್ಷಿಯನ್ನು ಆ ಮಾತಿನ ಮಟ್ಟಿಗಾದರೂ ನಂಬಬಹುದೆಂಬುದು ವ್ಯವಹಾರನ್ಯಾಯ.

ಕುರೊಸಾವಾ ಅವರ ಕೂಟದ ಹೊರಗೆ ಹಾಶಿಮೊತೊ ಅವರು ಬರೆದುದೇ ಪ್ರಮಾಣದಲ್ಲಿ ಹೆಚ್ಚು. ಆ ಕೃತಿಗಳಲ್ಲಿಯೂ ನ್ಯಾಯವಿಚಾರಣೆ, ಸಾಕ್ಷ್ಯ, ದಾಖಲೆ ಇವೇ ಮತ್ತೆ ಮತ್ತೆ ಬರುವುವು. ಇಮಾಯಿ ತಾದಾಶಿ ಅವರು ನಿರ್ದೇಶಿಸಿದ ೧೯೫೬ರ 'ಮಾಹಿರು ನೊ ಅಂಕೊಕು' (ನಡುಹಗಲಿನ ಕತ್ತಲೆ) ಚಿತ್ರವು, ಯಾಮಾಗುಚಿ ಪ್ರಾಂತದಲ್ಲಿ ೧೯೫೧ರಲ್ಲಿ ನಡೆದ ಒಂದು ಕೊಲೆಯ ಮೊಕದ್ದಮೆಯನ್ನು ಕುರಿತು ವಕೀಲ ಮಸಾಕಿ ಹಿರೋಶಿ ಅವರು ಬರೆದ ಪುಸ್ತಕದಿಂದ ಹುಟ್ಟಿದುದು. ಮೊಕದ್ದಮೆಯು ಇನ್ನೂ ಸರ್ವೋಚ್ಚ ನ್ಯಾಯಾಲಯದ ಮುಂದಿರುವಾಗಲೇ, ಪೋಲೀಸರ ಒತ್ತಾಯದಿಂದ ಹುಟ್ಟಿದ ತಪ್ಪೊಪ್ಪಿಗೆಗಳನ್ನು ನಂಬಿ ನಿರಪರಾಧಿಗಳನ್ನು ದಂಡಿಸಲಾಗುತ್ತಿದೆಯೆಂದು ಚಿತ್ರವು ಸಾರಿತು. ಆ ಆರೋಪಿಗಳು ನಿರ್ದೋಷಿಗಳೆಂದು ಕೊನೆಯ ತೀರ್ಪಾದುದು ೧೯೬೮ರಲ್ಲಿ.

ದೂರದರ್ಶನಕ್ಕಾಗಿ ಬರೆದುದರಲ್ಲಿ ಚಿರಸ್ಥಾಯಿಯಾದುದು 'ವಾತಾಶಿ ವಾ ಕಾಯಿ ನಿ ನಾರಿತಾಯಿ' (ನಾನು ಕಪ್ಪೆಚಿಪ್ಪಾಗಬೇಕು). ಜಪಾನಿನಲ್ಲಿ ದೂರದರ್ಶನವು ಆರಂಭವಾದುದು ೧೯೫೩ರಲ್ಲಿ. ಈ ನಾಟಕವು ಪ್ರಸಾರವಾದುದು ೧೯೫೮ನೆಯ ಅಕ್ಟೋಬರ್ ೩೧ರಂದು. ಆಗತಾನೆ ಬಂದಿದ್ದ ಧ್ವನಿಚಿತ್ರಸುರುಳಿಯ ಮೇಲೆ ಮೊದಲರ್ಧವನ್ನು ಮುದ್ರಿಸಿಟ್ಟು, ಉತ್ತರಾರ್ಧವನ್ನು ನಟರು ಅಭಿನಯಿಸುತ್ತಿದ್ದಂತೆಯೇ ನೇರವಾಗಿ ಬಿತ್ತರಿಸಿದರು. ಹಾಸ್ಯನಟರೆಂದು ಹೆಸರಾಗಿದ್ದ ಫ್ರಾಂಕಿ ಸಾಕಾಯಿ ಅವರು ನಾಯಕನ ಪಾತ್ರ ವಹಿಸಿದರು. ನಾಯಕನು ತೋಸಾ ಸೀಮೆಯ ಒಬ್ಬ ಬಡ ಕ್ಷೌರಿಕ. ಬಲವಂತವಾಗಿ ಸೈನ್ಯಕ್ಕೆ ಸೇರಿಸಲ್ಪಟ್ಟ ಅವನಿಗೆ, ಸೆರೆಸಿಕ್ಕ ಅಮೆರಿಕದ ವಿಮಾನಭಟನನ್ನು ಬಂದೂಕಿನ ತುದಿಯ ಚೂರಿಯಿಂದ ತಿವಿಯಬೇಕೆಂದು ಮೇಲಧಿಕಾರಿಯ ಆಜ್ಞೆಯಾಗುವುದು. ಅವನು ತೋಳಿಗೆ ಗಾಯ ಮಾಡುವನಷ್ಟೆ. ಯುದ್ಧ ಮುಗಿದ ಮೇಲೆ ಯುದ್ಧಾಪರಾಧಿಯೆಂದು ಹಿಡಿದೊಯ್ಯುವರು. ಆಜ್ಞೆಯನ್ನು ಏಕೆ ನಿರಾಕರಿಸಲಿಲ್ಲ ಎಂಬ ಪ್ರಶ್ನೆಗೆ ಅವನು ಕೊಡುವ ಉತ್ತರವು ನ್ಯಾಯಾಲಯಕ್ಕೆ ಅರ್ಥವೇ ಆಗದು. ಗಲ್ಲಿಗೇರುವ ಮುನ್ನ ಅವನು ಬರೆಯುವ ಪತ್ರದಲ್ಲಿ, ಮತ್ತೆ ಮನುಷ್ಯನಾಗಿ ಹುಟ್ಟಲೊಲ್ಲೆ, ಹಸು ಕುದುರೆಗಳಾದರೂ ಮನುಷ್ಯರ ಕೈಗೆ ಸಿಕ್ಕಬೇಕಾಗುವುದು, ಹುಟ್ಟುವುದೇ ಆದರೆ ಆಳವಾದ ಕಡಲ ತಳದಲ್ಲಿ ಕಪ್ಪೆಚಿಪ್ಪಾಗಿ ಹುಟ್ಟುವೆನೆಂಬ ಭಾವವು ಬರುತ್ತದೆ. ಪುನರ್ಜನ್ಮವನ್ನು ನಂಬುವ ಜನರಲ್ಲಲ್ಲದೆ ಈ ಕಲ್ಪನೆಯು ಹುಟ್ಟಲಾರದು. ನೋಡಿದವರ ಮನಸ್ಸನ್ನು ಕಲಕಿದುದೂ ಇದೇ.

ಆದರೆ ನಾಟಕಕ್ಕೆ ಹೆಸರನ್ನೂ ಪ್ರಾಣವನ್ನೂ ಕೊಟ್ಟ ಈ ಭಾವವು ಹಾಶಿಮೊತೊ ಅವರದಲ್ಲ. ಯುದ್ಧಕಾಲದಲ್ಲಿ ನೀಗಾತಾದ ಬಂದೀಖಾನೆಯೊಂದರ ಅಧಿಕಾರಿಯಾಗಿದ್ದು, ಮರಣದಂಡನೆಗೆ ಗುರಿಯಾಗಿ, ಆಮೇಲೆ ಶಿಕ್ಷೆಯು ತಗ್ಗಿ ಬದುಕಿಬಂದ ಕಾತೋ ತೆತ್ಸುತಾರೊ ಅವರು ೧೯೫೩ರಲ್ಲಿ ಗುಪ್ತನಾಮದಿಂದ ಪ್ರಕಟಿಸಿದ, ಮರಣದಂಡಿತ ಯುದ್ಧಾಪರಾಧಿಯೊಬ್ಬನ ಬರಹದಲ್ಲಿ ಅದಿತ್ತು. ದೂರದರ್ಶನದ ನಾಟಕದಲ್ಲಿ ಕಾತೋ ಅವರ ಹೆಸರು ಬರಲಿಲ್ಲ. ಅವರು ಆಕ್ಷೇಪಿಸಿದರು. ಮರುವರ್ಷ ಹಾಶಿಮೊತೊ ಅವರೇ ನಿರ್ದೇಶಕರಾಗಿ ಇದನ್ನು ಚಲಚ್ಚಿತ್ರವನ್ನಾಗಿ ಮಾಡಿದಾಗ, ಹೆಸರೂ ಮರಣಪತ್ರವೂ ಕಾತೋ ಅವರ ಬರಹದಿಂದ ಬಂದುವೆಂದು ನಾಮಾವಳಿಯಲ್ಲಿ ಕಾಣಿಸಲಾಯಿತು. ಇದನ್ನು ಸಣ್ಣ ಸಂಗತಿಯೆಂದು ತಳ್ಳಿಹಾಕಲಾಗದು. ಹಸುವಿನ ಆಕಾರವು ಬೇಡ, ರಕ್ತವೊಂದೇ ಸಾಕೆಂಬ ತತ್ತ್ವವು ಮೂಲವನ್ನು ಹೇಳಿಯೇ ಬಳಸಿದಾಗ ಕಲೆ. ಹೇಳದೆ ಬಳಸಿದಾಗ ಅದು ಋಣ. ಸತ್ಯಸಾಕ್ಷ್ಯವು ಕೇಳಿಸದೆ ಹೋಯಿತೆಂದು ಶೋಕಿಸುವ ನಾಟಕವೇ ಮೊದಲು ಒಂದು ಸಾಕ್ಷಿಯ ಹೆಸರನ್ನು ನುಂಗಿತ್ತು.

ಕೊಬಾಯಾಶಿ ಮಸಾಕಿ ಅವರು ನಿರ್ದೇಶಿಸಿದ ೧೯೬೨ರ 'ಸೆಪ್ಪುಕು', ಮೂಲವನ್ನು ಕೆಡಹದೆ ಬೆಳೆಸಿದ ಕೃತಿ. ತಾಕಿಗುಚಿ ಯಾಸುಹಿಕೊ ಅವರ ಕಥೆಯನ್ನು ಆಧರಿಸಿದ ಇದರ ಕಾಲವು ೧೬೩೦. ಊಳಿಗ ತಪ್ಪಿದ ಸಮುರಾಯಿಯೊಬ್ಬನು ಈ ವಂಶದವರ ಅರಮನೆಗೆ ಬಂದು, ಅಂಗಳದಲ್ಲಿ ಪ್ರಾಣತ್ಯಾಗ ಮಾಡಲು ಅನುಮತಿ ಬೇಡುವನು. ಬೇಡುತ್ತ ಬೇಡುತ್ತ ಆ ಮನೆತನದ ಕ್ರೌರ್ಯವನ್ನು ಬಯಲಿಗೆಳೆಯುವನು. ಚಿತ್ರವು ಮನೆತನದ ದಿನಚರಿಯ ಓದಿನಿಂದ ಮೊದಲಾಗಿ ಅದರಿಂದಲೇ ಮುಗಿಯುವುದು. ನಡೆದುದೆಲ್ಲವನ್ನೂ ಪ್ರೇಕ್ಷಕನು ಕಣ್ಣಾರೆ ಕಂಡಿರುವಾಗ, ದಿನಚರಿಯು ಬೇರೆಯೇ ಒಂದನ್ನು ಶಾಂತವಾಗಿ ದಾಖಲಿಸುವುದು. ಬಖೈರುಗಳನ್ನೂ ಶಾಸನಗಳನ್ನೂ ಓದಿ ಚರಿತ್ರೆ ಬರೆಯುವವರು ಈ ಚಿತ್ರವನ್ನು ಒಮ್ಮೆಯಾದರೂ ನೋಡಬೇಕು.

೧೯೭೪ರ 'ಸುನಾ ನೊ ಉತ್ಸುವಾ' (ಮರಳಿನ ಪಾತ್ರೆ) ಮತ್ಸುಮೊತೊ ಸೇಚೊ ಅವರ ಪತ್ತೇದಾರಿ ಕಾದಂಬರಿಯಿಂದ ಬಂದುದು. ಯಾಮಾದಾ ಯೋಜಿ ಅವರು ಸಹಲೇಖಕರು, ನೊಮುರಾ ಯೊಶಿತಾರೊ ಅವರು ನಿರ್ದೇಶಕರು. ಕುಷ್ಠರೋಗಿಯಾದ ತಂದೆಯೂ ಚಿಕ್ಕ ಮಗನೂ ಊರು ಬಿಟ್ಟು ಅಲೆದುದನ್ನು ಕಾದಂಬರಿಯು ಕೆಲವೇ ಮಾತುಗಳಲ್ಲಿ ಮುಗಿಸಿದೆ. ಚಿತ್ರದ ಉತ್ತರಭಾಗವೆಲ್ಲ ಆ ಅಲೆದಾಟವೇ. ಒಂದೆಡೆ ಪತ್ತೇದಾರನು ಸಭೆಯಲ್ಲಿ ವೃತ್ತಾಂತವನ್ನು ನಿರೂಪಿಸುವನು, ಒಂದೆಡೆ ಬೆಳೆದು ಸಂಗೀತಗಾರನಾದ ಮಗನು ವಾದ್ಯವೃಂದದೊಡನೆ ನುಡಿಸುವನು, ನಡುವೆ ಮಾತಿಲ್ಲದೆ ತಂದೆಮಕ್ಕಳು ನಾಲ್ಕು ಋತುಗಳಲ್ಲಿ ನಡೆಯುವರು. ಪಕ್ಕದ ಪೀಠದಲ್ಲಿ ಭಾಗವತನು ವಾದ್ಯದೊಡನೆ ಕಥೆಯನ್ನು ಹೇಳುತ್ತಿರಲು ರಂಗದಲ್ಲಿ ಬೊಂಬೆಗಳು ಆಡುವ ಬುನ್‌ರಾಕು ಆಟವೇ ಈ ಏರ್ಪಾಡಿಗೆ ಮಾದರಿಯೆಂದು ಹಾಶಿಮೊತೊ ಅವರು ಹೇಳಿದ್ದುಂಟು. ಕಾದಂಬರಿಯಲ್ಲಿ ತಂದೆಯು ಸತ್ತಿರುವನು. ಚಿತ್ರದಲ್ಲಿ ಆರೋಗ್ಯಧಾಮವೊಂದರಲ್ಲಿ ಬದುಕಿದ್ದಾನೆ. ಮಗನ ಭಾವಚಿತ್ರವನ್ನು ಮುಂದೆ ಹಿಡಿದಾಗ ಮುದುಕನು ಅಳುತ್ತ, ಇವನನ್ನು ತಾನರಿಯೆನೆನ್ನುವನು. ಹಾಶಿಮೊತೊ ಅವರ ಚಿತ್ರಕಥೆಗಳಲ್ಲಿ ಬರುವ ಸುಳ್ಳುಸಾಕ್ಷ್ಯಗಳಲ್ಲೆಲ್ಲ ಇದಕ್ಕೆ ಸಮನಾದುದಿಲ್ಲ. ಇದನ್ನು ಬರೆದವರೂ ನಾಲ್ಕು ವರ್ಷ ಅಂತಹ ಧಾಮದಲ್ಲಿ ಮಲಗಿದ್ದವರೆಂಬುದನ್ನು ಇಲ್ಲಿ ನೆನೆಯಬೇಕು. ಕುಷ್ಠರೋಗಿಗಳ ಸಂಘದವರು ಚಿತ್ರವನ್ನು ಆಕ್ಷೇಪಿಸಿದ್ದುದರಿಂದ, ಈ ರೋಗವು ಈಗ ವಾಸಿಯಾಗತಕ್ಕದ್ದೆಂಬ ಬರಹವನ್ನು ಕೊನೆಯಲ್ಲಿ ಸೇರಿಸಿದರು.

ಈ ಚಿತ್ರವನ್ನು ತೆಗೆಯಲು ಕಂಪೆನಿಗಳು ಬಹುಕಾಲ ಹಿಂಜರಿದುದರಿಂದ ಹಾಶಿಮೊತೊ ಅವರು ೧೯೭೩ರಲ್ಲಿ ತಮ್ಮದೇ ಸಂಸ್ಥೆಯನ್ನು ಸ್ಥಾಪಿಸಿದ್ದರು. ೧೯೦೨ರ ಹಿಮಪಾತದಲ್ಲಿ ಇನ್ನೂರ ಹತ್ತು ಸೈನಿಕರ ಪೈಕಿ ನೂರ ತೊಂಬತ್ತೊಂಬತ್ತು ಮಂದಿ ಮಡಿದುದನ್ನು ಕುರಿತ 'ಹಾಕ್ಕೋದಾಸಾನ್' (೧೯೭೭) ಅಪಾರ ಧನವನ್ನು ತಂದಿತು. ೧೯೮೨ರಲ್ಲಿ ಮೂಲವೂ ಸಹಲೇಖಕರೂ ಇಲ್ಲದೆ ತಾವೊಬ್ಬರೇ ಬರೆದು ನಿರ್ದೇಶಿಸಿದ 'ಮಾಬೊರೊಶಿ ನೊ ಮಿಜುಊಮಿ' (ಮಾಯಾಸರೋವರ) ಸಂಪೂರ್ಣವಾಗಿ ಸೋತಿತು. ಇದು ಸರಿ, ಇದು ಅಲ್ಲ ಎನ್ನುವ ಒಗುನಿಯವರು ಆ ಕೊಠಡಿಯಲ್ಲಿರಲಿಲ್ಲ.

೨೦೦೮ರಲ್ಲಿ, ತಮ್ಮ ತೊಂಬತ್ತನೆಯ ವಯಸ್ಸಿನಲ್ಲಿ, ಕಪ್ಪೆಚಿಪ್ಪಿನ ಕಥೆಯನ್ನು ಅವರು ಮತ್ತೊಮ್ಮೆ ತಿದ್ದಿ ಹೊಸ ಚಿತ್ರಕ್ಕೆ ಕೊಟ್ಟರು. ೨೦೧೮ನೆಯ ಜುಲೈ ೧೯ರಂದು ಟೋಕಿಯೋ ನಗರದಲ್ಲಿ ನಿಧನರಾದರು. ಕಾಸುಗಾ ತಾಯಿಚಿ ಅವರು ಬಹುವರ್ಷ ಶ್ರಮಿಸಿ ೨೦೨೩ರಲ್ಲಿ ಹೊರತಂದ 'ಓನಿ ನೊ ಫುದೆ' (ರಾಕ್ಷಸನ ಲೇಖನಿ) ಎಂಬ ಜೀವನಚರಿತ್ರೆಯಲ್ಲಿ, ಹಾಶಿಮೊತೊ ಅವರ ಬಾಯಿಮಾತುಗಳನ್ನು ಅವರದೇ ಟಿಪ್ಪಣಿಪುಸ್ತಕಗಳೊಡನೆ ಹೋಲಿಸಿ ನೋಡುವ ಕೆಲಸವು ಆರಂಭವಾಗಿದೆ. ಇಕಿರುವನ್ನು ಅನುಸರಿಸಿ ೨೦೨೨ರಲ್ಲಿ ಇಂಗ್ಲಿಷಿನಲ್ಲಿ 'ಲಿವಿಂಗ್' ಎಂಬ ಚಿತ್ರವಾಯಿತು. ಕಜುಒ ಇಶಿಗುರೊ ಅವರು ಅದರ ಚಿತ್ರಕಥೆಯನ್ನು ಬರೆದರು. ಮೂಲಚಿತ್ರಕಥೆಯ ಕರ್ತೃಗಳೆಂದು ಅಲ್ಲಿ ಕುರೊಸಾವಾ, ಹಾಶಿಮೊತೊ, ಒಗುನಿ ಎಂಬ ಮೂವರ ಹೆಸರುಗಳನ್ನೂ ಒಂದೇ ಸಾಲಿನಲ್ಲಿ ಹೇಳಿದೆ. ಯಾವ ಮಾತು ಯಾರದೆಂಬ ವಿಭಾಗವನ್ನು ಮಾಡಿಲ್ಲ.